ಕಬ್ಬು ಮುಟ್ಟದ ಹೋರಿಗಳು, ಉಪ್ಪು ಮುಟ್ಟದ ಬೊಮ್ಮಯ್ಯ

ಪಶುವೈದ್ಯದ ಕೆಲಸಕ್ಕೆ ಹೊಸದಾಗಿ ಸೇರಿದ ಹುಡುಗ ಹುಡುಗಿಯರು ಆಗಾಗ ನನ್ನ ಮನೆ ಹುಡುಕಿಕೊಂಡು ಬರುತ್ತಾರೆ. ಕಾಫಿ ಕುಡಿಯುತ್ತಾ ಎಲ್ಲರೂ ಕೇಳುವುದು ಒಂದೇ: ಈ ಕೆಲಸದಲ್ಲಿ ಕಷ್ಟ ಯಾವುದು? ಒದೆ ತಿನ್ನುವುದು ಎಂದು ಅವರೇ ಊಹಿಸಿಕೊಂಡಿರುತ್ತಾರೆ. ಒದೆಗೆ ಮೈ ಒಗ್ಗುತ್ತದೆ. ನನ್ನ ಎಡ ಮೊಣಕಾಲಿಗೆ ಎರಡು ಎಮ್ಮೆ, ಒಂದು ಕತ್ತೆ ರುಜು ಹಾಕಿವೆ, ನಾನಿನ್ನೂ ನಡೆಯುತ್ತಿದ್ದೇನೆ. ಒಗ್ಗದೇ ಹೋದದ್ದು ಬೇರೆ. ಒಬ್ಬ ಮನುಷ್ಯ ದನ ಹಿಡಿದುಕೊಂಡು ಎದುರಿಗೆ ನಿಂತಾಗ ಆ ಇಬ್ಬರಲ್ಲಿ ರೋಗಿ ಯಾರು ಎಂಬುದು ನನಗೆ ಕೊನೆಯವರೆಗೂ ಒಂದೇಟಿಗೆ ತಿಳಿಯಲಿಲ್ಲ. ಸರ್ಕಾರಿ ಪಶುವೈದ್ಯನಾಗಿ ನಿವೃತ್ತನಾದೆ, ಆಮೇಲೆ ರಾಜಕೀಯಕ್ಕೆ ಬಿದ್ದು ಅದರಿಂದಲೂ ನಿವೃತ್ತನಾದೆ. ಗೊಂದಲ ಮಾತ್ರ ಇನ್ನೂ ಸೇವೆಯಲ್ಲಿದೆ.

ತಮಿಳುನಾಡಿನ ಕಂಬಂ ಕಣಿವೆಯವನು ಕನ್ನಡದಲ್ಲಿ ಯಾಕೆ ಬರೆಯುತ್ತಾನೆ ಎಂದು ಕೇಳಬಹುದು. ನಮ್ಮ ಪೂರ್ವಿಕರು ಯಾವ ಕಾಲದಲ್ಲೋ ದನ ಹೊಡೆದುಕೊಂಡು ಈ ಕಣಿವೆಗೆ ಇಳಿದವರು. ಮನೆಯೊಳಗೆ ಕನ್ನಡ, ಹೊಸಿಲು ದಾಟಿದರೆ ತಮಿಳು. ಕನ್ನಡದ ಅಕ್ಷರ ಕಲಿತದ್ದು ಬೆಂಗಳೂರಿನಲ್ಲಿ ಪಶುವೈದ್ಯಕೀಯ ಓದುವಾಗ. ಅಲ್ಲಿ ನಾನು ಬಾಯಿ ಬಿಟ್ಟರೆ ಹಾಸ್ಟೆಲಿನ ಗೆಳೆಯರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅವರಿಂದಲೇ ಈ ಅಚ್ಚಿನ ಕನ್ನಡ ಕಲಿತೆ, ಆದ್ದರಿಂದ ಅವರ ಮೇಲೆ ಸಿಟ್ಟಿಲ್ಲ.

ನನ್ನ ಮೊದಲ ವರ್ಷಗಳು ಕಳೆದದ್ದು ದಿಂಡಿಗಲ್ಲಿನಲ್ಲಿ. ಬೀಗ ಮಾಡಿ ಕೈ ಸವೆಸಿದ ಮುದುಕರೊಬ್ಬರು ಪ್ರತಿ ಸೋಮವಾರ ತಮ್ಮ ನಾಯಿಯನ್ನು ಕರೆತರುತ್ತಿದ್ದರು. ನಾಯಿ ಗುಂಡುಕಲ್ಲಿನ ಹಾಗಿತ್ತು. ಒಂದು ಸೋಮವಾರ ನಾನು ರೇಗಿ, "ನಾಯಿಗೆ ಏನೂ ಆಗಿಲ್ಲ, ಇನ್ನು ಬರಬೇಡಿ" ಎಂದುಬಿಟ್ಟೆ. ಒಳಗಿನಿಂದ ನಮ್ಮ ದೊಡ್ಡ ಡಾಕ್ಟರು ಕೇಳಿಸಿಕೊಂಡರು. ನಶ್ಯದ ಡಬ್ಬಿ ಹಿಡಿದೇ ಊರನ್ನೆಲ್ಲ ಬೈಯುವ ಮನುಷ್ಯ. ಅವರು ಹೊರಗೆ ಬಂದು ತಮಿಳಿನಲ್ಲಿ ಹೇಳಿದರು: "ನಾಯಿಗೆ ಬಿಸ್ಕತ್ತು ಕೊಡು, ಮುದುಕನಿಗೆ ಕುರ್ಚಿ ಕೊಡು. ಕುರ್ಚಿಯೂ ಮದ್ದೇ ಕಣೋ." ಮುದುಕರು ಕೂತು ಬೀಗಗಳ ಬಗ್ಗೆ ಮಾತಾಡಿದರು, ಬೇರೇನೂ ಇಲ್ಲ. ಹೀಗೆ ಎಷ್ಟೋ ಸೋಮವಾರ. ಆಮೇಲೆ ಬರುವುದು ನಿಂತಿತು. ವಾಸಿಯಾದರೋ, ತೀರಿಕೊಂಡರೋ, ನಾಯಿ ಬೇರೆ ಡಾಕ್ಟರನ್ನು ಮೆಚ್ಚಿತೋ, ತಿಳಿಯಲಿಲ್ಲ. ಈ ಕೆಲಸದಲ್ಲಿ ಅರ್ಧ ಕಥೆಗಳಿಗೆ ಕೊನೆಯೇ ಸಿಗುವುದಿಲ್ಲ.

ಕೆಲಸದ ರೀತಿ ಈಗ ಬದಲಾಗಿದೆ. ನಾವು ಹಸುವಿನ ಕಿವಿ ಹಿಡಿದು ಜ್ವರ ಹೇಳುತ್ತಿದ್ದೆವು. ಈಗ ಬೋಡಿಮೆಟ್ಟಿನ ಏಲಕ್ಕಿ ತೋಟದಿಂದ ಸಗಣಿಯ ಫೋಟೋ ಫೋನಿಗೆ ಬರುತ್ತದೆ, ಅದೂ ಸರಿಯಾಗಿ ಊಟದ ಹೊತ್ತಿಗೆ. ದೂರುತ್ತಿಲ್ಲ, ಒಳ್ಳೆಯದೇ. ಎಷ್ಟೋ ದನ ಉಳಿದಿವೆ. ಆದರೆ ಫೋಟೋದಲ್ಲಿ ದನ ಕಾಣುತ್ತದೆ, ಹಗ್ಗ ಹಿಡಿದವನ ಮುಖ ಕಾಣುವುದಿಲ್ಲ.

ರಾಜಕೀಯಕ್ಕೆ ಬಂದದ್ದು ಹೇಗೆಂದು ನನಗೇ ಸರಿಯಾಗಿ ಗೊತ್ತಿಲ್ಲ. ನಿವೃತ್ತನಾದ ಮೇಲೆ ನಾಲ್ಕು ಜನ ಬಂದು ಕೂತರು, ನೀನೇ ನಿಲ್ಲಬೇಕು ಎಂದರು, ನಾನು ಬೇಡವೆನ್ನುವಷ್ಟರಲ್ಲಿ ಗೋಡೆಗೆ ನನ್ನ ಮುಖ ಅಂಟಿಸಿದ್ದರು. ಮತ ಕೇಳಲು ಹೋದ ಮೊದಲ ಬೀದಿಯಲ್ಲೇ ಒಬ್ಬ ಅಜ್ಜಿಯ ಮುಂದೆ ಕೈ ಮುಗಿಯುವ ಬದಲು, ಅಭ್ಯಾಸಬಲದಿಂದ, ಅವಳ ಕಣ್ಣಿನ ಕೆಳರೆಪ್ಪೆ ಎಳೆದು ಮೈಯಲ್ಲಿ ರಕ್ತ ಇದೆಯೋ ಇಲ್ಲವೋ ಎಂದು ನೋಡಿಬಿಟ್ಟೆ. ಜೊತೆಗಿದ್ದವರು ತಲೆ ಚಚ್ಚಿಕೊಂಡರು. ಅಜ್ಜಿ ಮಾತ್ರ, "ವೋಟು ಕೇಳಾಕೆ ಬಂದೋನು ಯಾವನೂ ನನ್ ಕಣ್ಣು ಪಾರ್ಕಲಿಲ್ಲೆ ಸಾಮೀ. ನನ್ ವೋಟು ನಿಂಗೇ ತಾನ್" ಎಂದಳು. ಗೆದ್ದೆ. ಪಂಚಾಯಿತಿ ಒಕ್ಕೂಟದ, ಅಂದರೆ ನಿಮ್ಮ ಕಡೆಯ ತಾಲ್ಲೂಕು ಪಂಚಾಯಿತಿಯ, ಅಧ್ಯಕ್ಷನಾದೆ.

ಅಧ್ಯಕ್ಷನಾಗಿ ನಾನು ಮಾಡಿದ ಒಂದೇ ಕೆಲಸವೆಂದರೆ ಒಂದು ವ್ಯಾನು. ನಮ್ಮ ಕಡೆ ಮನಸ್ಸಿನ ಡಾಕ್ಟರ ಹತ್ತಿರ ಹಗಲಿನಲ್ಲಿ ಯಾರೂ ಹೋಗುವುದಿಲ್ಲ. ಪೈತ್ಯ, ಅಂದರೆ ಹುಚ್ಚು, ಎಂದು ಒಮ್ಮೆ ಹೆಸರು ಬಿದ್ದರೆ ಆ ಮನೆಗೆ ಹೆಣ್ಣು ಕೊಡುವವರೂ ಇಲ್ಲ, ತರುವವರೂ ಇಲ್ಲ. ಆದರೆ ಕೈಯಲ್ಲೊಂದು ಮೇಕೆ ಇದ್ದರೆ ಯಾರಾದರೂ ಎಲ್ಲಿಗೆ ಬೇಕಾದರೂ ಹೋಗಬಹುದು. ಆದ್ದರಿಂದ ವ್ಯಾನಿನ ಮುಂದುಗಡೆ ನಾನು ಕೂರುವ ಪಶುವೈದ್ಯದ ಮೇಜು, ಹಿಂದುಗಡೆ ಡಾಕ್ಟರ್ ಯಾಳಿನಿಯ ಮೇಜು. ಯಾಳಿನಿ ತೇಣಿಯಿಂದ ಬರುತ್ತಿದ್ದ ಮನೋವೈದ್ಯೆ, ವಯಸ್ಸು ಚಿಕ್ಕದು, ಕಿವಿ ದೊಡ್ಡದು. ಮೇಕೆ ಮುಂದೆ ನಿಲ್ಲುತ್ತಿತ್ತು, ಮೇಕೆಯವರು ಹಿಂದೆ ಹೋಗಿ ಅಳುತ್ತಿದ್ದರು. ಒಂದು ಬೆಳಿಗ್ಗೆ ಒಂದೇ ಕಪ್ಪು ಮೇಕೆ ಮೂರು ಬೇರೆ ಬೇರೆ ಜನರ ಜೊತೆ ಬಂತು. ಮೇಕೆಗೆ ಮೂರು ಸಲ ಹುಳದ ಔಷಧಿ ಕುಡಿಸದಂತೆ ಕಾಯುವುದೇ ನನಗೆ ದೊಡ್ಡ ಕೆಲಸವಾಯಿತು.

ಈ ವ್ಯಾನಿಗೆ ಬಂದವಳು ಲಿಂಗಮ್ಮ. ಅವಳ ವಿಷಯಕ್ಕೆ ಮುಂಚೆ ನಮ್ಮ ಊರ ದೇವರ ದನಗಳ ವಿಷಯ ಹೇಳಬೇಕು.

ಊರ ಹಿಂದೆ, ಬೆಟ್ಟದ ಬುಡದಲ್ಲಿ, ನಮ್ಮವರ ಒಂದು ದೊಡ್ಡಿ ಇದೆ. ಅಲ್ಲಿನ ದನಗಳನ್ನು ನೊಗಕ್ಕೆ ಕಟ್ಟುವುದಿಲ್ಲ, ಮಾರುವುದಿಲ್ಲ, ಹಾಲು ಕರುವಿಗೇ ಬಿಡುತ್ತೇವೆ. ಅಲ್ಲಿ ವಿಗ್ರಹ ಇಲ್ಲ; ಪಟ್ಟದ ಗೂಳಿಯೇ ದೇವರು. ಅದು ಸತ್ತರೆ ಮನೆಯ ಯಜಮಾನ ಸತ್ತಂತೆ ಮಣ್ಣು ಮಾಡುತ್ತೇವೆ. ದನ ಮೇಯಿಸುವವನು ಮಗನ ಸ್ಥಾನದಲ್ಲಿ ನಿಂತು ತಲೆ ಬೋಳಿಸಿಕೊಳ್ಳುತ್ತಾನೆ. ಹೊಸ ಗೂಳಿಗೆ ಪಟ್ಟವಾಗುವವರೆಗೂ ಅವನಿಗೆ ಸೂತಕ: ದೊಡ್ಡಿಯೊಳಗೆ ಕಾಲಿಡಬಾರದು, ಊರ ಗಡಿಕಲ್ಲು ದಾಟಬಾರದು, ಊಟಕ್ಕೆ ಉಪ್ಪು ಮುಟ್ಟಬಾರದು. ಪಟ್ಟ ಕಟ್ಟುವುದು ಅಮಾವಾಸ್ಯೆಯ ಬೆಳಿಗ್ಗೆ. ಹಿರಿಯರು ಕಬ್ಬು ಹಿಡಿದು ನಿಲ್ಲುತ್ತಾರೆ. ಯಾವ ಹೋರಿ ಯಾರೂ ಕರೆಯದೆ, ಯಾರೂ ಎಳೆಯದೆ, ತಾನಾಗಿ ಬಂದು ಕಬ್ಬು ಕಚ್ಚುತ್ತದೋ ಅದೇ ಹೊಸ ದೇವರು. ಸಾಮಾನ್ಯವಾಗಿ ಮೊದಲ ಅಮಾವಾಸ್ಯೆಗೇ ಯಾವುದೋ ಹೊಟ್ಟೆಬಾಕ ಬಂದು ಕಚ್ಚುತ್ತದೆ, ಸೂತಕ ಮುಗಿಯುತ್ತದೆ.

ನಾನು ಅಧ್ಯಕ್ಷನಾಗಿದ್ದಾಗ ಒಂದು ಮಳೆಗಾಲದ ಆರಂಭದಲ್ಲಿ ಹಳೆಯ ಗೂಳಿ ವಯಸ್ಸಾಗಿ ಸತ್ತಿತು. ದನ ಮೇಯಿಸುತ್ತಿದ್ದವನು ಬೊಮ್ಮಯ್ಯ, ಲಿಂಗಮ್ಮನ ಗಂಡ. ಆ ಗೂಳಿ ಕರುವಾಗಿದ್ದಾಗಿನಿಂದ ಅದರ ಹಿಂದೆ ಬೆಟ್ಟ ಹತ್ತಿದವನು. ತಲೆ ಬೋಳಿಸಿಕೊಂಡು ಜಗಲಿಯ ಮೇಲೆ ಕೂತ. ಮೊದಲ ಅಮಾವಾಸ್ಯೆಗೆ ಕಬ್ಬು ಹಿಡಿದರು. ಹೋರಿಗಳು ದೂರದಲ್ಲೇ ನಿಂತು ನೋಡಿದವು. ಎರಡನೆಯದಕ್ಕೂ ಹಾಗೇ. ಮೂರನೆಯದಕ್ಕೆ ಜನ ಜಾಸ್ತಿ ಸೇರಿದರು, ಎಲ್ಲರ ಕೈಯಲ್ಲೂ ಫೋನು; ಹೋರಿಗಳು ಇನ್ನಷ್ಟು ಹಿಂದಕ್ಕೆ ಸರಿದವು. ಊರ ಹಿರಿಯ ಮುತ್ತಣ್ಣ ನನ್ನನ್ನು ಕರೆಸಿ, "ಬಾಯಿ ಗೀಯಿ ಹುಣ್ಣಾಗ್ಯದಾ ಪಾರ್ ಡಾಕ್ಟರೇ" ಎಂದರು. ಸಿಕ್ಕಷ್ಟು ಹೋರಿಗಳ ಬಾಯಿ ಬಿಡಿಸಿ ನೋಡಿದೆ. ಗುಲಾಬಿ ಬಣ್ಣದ ಆರೋಗ್ಯವಾದ ನಾಲಿಗೆಗಳು. ನಾನೂ ಎಲ್ಲರಂತೆ ಕೈ ಚೆಲ್ಲಿದೆ.

ಆಗಲೇ ಲಿಂಗಮ್ಮ ವ್ಯಾನಿನ ಹತ್ತಿರ ಬಂದದ್ದು, ಕೈಯಲ್ಲಿ ಅದೇ ಕಪ್ಪು ಮೇಕೆ.

"ಮೇಕೆಗೆ ಏನು ಲಿಂಗಮ್ಮಾ?"

"ಮೇಕೆಗೆ ಏನೂ ಇಲ್ಲೆ ಡಾಕ್ಟರಯ್ಯಾ. ಮೇಕೆ ಸುಮ್ಮಾ. ನಮ್ಮೋರು ತಾನ್ ಸರಿಯಿಲ್ಲೆ. ಪೇಸೋದೇ ಇಲ್ಲೆ, ಬಾಯೇ ಬಿಡೋದಿಲ್ಲೆ. ಪೇಸಿದ್ರೂ ನನ್ನೇ ಸತ್ತೋದ ಅತ್ತೆ ಎಸ್ರು ಹಿಡ್ದು ಕೂಗ್ತಾರೆ. ನಿನ್ನೆ ಬಾಗ್ಲು ಎಲ್ಲದೆ ಅಂತ ಕೇಳಿದ್ರು. ಬಾಗ್ಲಾಗೇ ನಿಂತವ್ರೆ!"

ನಾನೂ ಯಾಳಿನಿಯೂ ಅವರ ಮನೆಗೆ ಹೋದೆವು. ಬೊಮ್ಮಯ್ಯ ಜಗಲಿಯ ಮೇಲೆ ಗೋಡೆಗೆ ಒರಗಿದ್ದ. ನನ್ನನ್ನು ನೋಡಿ ನಮ್ಮಪ್ಪನ ಹೆಸರು ಹಿಡಿದು ಕರೆದ. "ದನ ಮಲೆಯಿಂದ ಇಳೀತಾ?" ಎಂದ, ನಡುಮಧ್ಯಾಹ್ನದಲ್ಲಿ. ಬಾಲ್ಯದಲ್ಲಿ ನನಗೆ ಈಜು ಕಲಿಸಿದವನು ಅವನು.

ಯಾಳಿನಿ ಬಹಳ ಹೊತ್ತು ಅವನ ಪಕ್ಕ ನೆಲದ ಮೇಲೆ ಕೂತಳು. ಏನು ಊಟ ಎಂದು ಲಿಂಗಮ್ಮನನ್ನು ಕೇಳಿದಳು. ಗೂಡಿನಲ್ಲಿದ್ದ ರಕ್ತದೊತ್ತಡದ ಮಾತ್ರೆ ತೆಗೆದು ಅದರ ಬೆನ್ನು ಓದಿದಳು. ಆಮೇಲೆ ನರ್ಸನ್ನು ಕರೆಸಿ ಅಲ್ಲೇ ರಕ್ತ ತೆಗೆಸಿದಳು. ಮರುದಿನ ಫೋನು ಮಾಡಿ ಹೇಳಿದ್ದು ಇಷ್ಟು: "ಸರ್, ದುಃಖ ಇದೆ, ಅದು ನಿಜ. ಆದರೆ ಮೈಯಲ್ಲಿ ಉಪ್ಪೂ ಇಲ್ಲ. ಆ ಮಾತ್ರೆ ಇರೋ ಉಪ್ಪನ್ನೂ ಹೊರಗೆ ಹಾಕ್ತಿತ್ತು, ಅದನ್ನು ನಿಲ್ಲಿಸಿದ್ದೀನಿ. ಯಾವುದರಿಂದ ಎಷ್ಟು ತೊಂದರೆ ಅಂತ ಉಪ್ಪು ಕೊಡದೆ ಹೇಳೋಕಾಗಲ್ಲ. ಇನ್ನೂ ಇಳಿದರೆ ಫಿಟ್ಸ್ ಬರುತ್ತೆ, ಪ್ರಜ್ಞೆ ಹೋಗುತ್ತೆ, ಜೀವವೂ ಹೋಗಬಹುದು. ತೇಣಿಗೆ ಕರ್ಕೊಂಡು ಬನ್ನಿ."

ಕರೆದುಕೊಂಡು ಹೋಗುವುದು ಹೇಗೆ? ಬಾಗಿಲು ಎಲ್ಲಿದೆಯೆಂದು ತಿಳಿಯದ ಆ ಮನುಷ್ಯನಿಗೆ ಒಂದು ಮಾತ್ರ ಸ್ಪಷ್ಟವಾಗಿ ನೆನಪಿತ್ತು: ಗಡಿಕಲ್ಲು ದಾಟಬಾರದು. ಕೈ ಹಿಡಿದು ಎಬ್ಬಿಸಿದರೆ ಕಂಬ ತಬ್ಬಿಕೊಂಡ. ಲಿಂಗಮ್ಮ ಗಂಜಿಗೆ ಕದ್ದು ಉಪ್ಪು ಹಾಕಿ ನೋಡಿದಳು. ಒಂದು ತುತ್ತಿಗೆ ಬಟ್ಟಲು ದೂಡಿದ, ಮರುದಿನ ಗಂಜಿಯನ್ನೇ ಮುಟ್ಟಲಿಲ್ಲ. ನಾನು ಮುತ್ತಣ್ಣನ ಹತ್ತಿರ ಹೋಗಿ ಕಟ್ಟು ಸಡಿಲಿಸಿ ಎಂದೆ. ಮುತ್ತಣ್ಣ ಕಲ್ಲುಮನಸ್ಸಿನವರಲ್ಲ. ತಾವೇ ಬಂದು ಬೊಮ್ಮಯ್ಯನ ಮುಂದೆ ಕೂತು, "ನಾನ್ ಹೇಳ್ತಾ ಇವ್ನಿ, ಸಾಮಿ ಮುನಿಯಲ್ಲ, ತಿನ್ನಪ್ಪಾ" ಎಂದರು. ಬೊಮ್ಮಯ್ಯ ಗೋಡೆಯ ಕಡೆ ತಿರುಗಿಕೊಂಡ.

ನನ್ನ ಚೀಲದಲ್ಲಿ ಸಲೈನ್ ಬಾಟಲಿ ಇತ್ತು. ಎಷ್ಟು ಹಸುಗಳ ಕುತ್ತಿಗೆಗೆ ಅದನ್ನು ಹಾಕಿದ್ದೇನೋ ಲೆಕ್ಕವಿಲ್ಲ. ಮನುಷ್ಯನಿಗೆ ಹಾಕುವ ಹಕ್ಕು ನನಗಿಲ್ಲ. ಹಾಕಲು ಹೋಗಿದ್ದರೂ ಅವನು ಸೂಜಿ ಕಿತ್ತೆಸೆಯುತ್ತಿದ್ದ. ನಾಲ್ಕು ಜನ ಹೊತ್ತು ಆಂಬುಲೆನ್ಸಿಗೆ ಹಾಕಬಹುದಲ್ಲ ಎಂದು ಯಾಳಿನಿಯನ್ನು ಕೇಳಿದೆ. "ಪ್ರಜ್ಞೆ ತಪ್ಪೋ ಲಕ್ಷಣ ಕಂಡರೆ ಹೊತ್ತೇ ಒಯ್ತೀನಿ, ಯಾರನ್ನೂ ಕೇಳಲ್ಲ. ಅದಕ್ಕೆ ಮುಂಚೆ ಅವರಾಗೇ ಬರೋ ದಾರಿ ಇದ್ದರೆ ನೀವು ನೋಡಿ. ನೀವು ಅವರ ಜನ" ಎಂದಳು. ನರ್ಸನ್ನು ದಿನಕ್ಕೆರಡು ಸಲ ಕಳಿಸತೊಡಗಿದಳು. ಅಮಾವಾಸ್ಯೆಗೆ ಹೆಚ್ಚು ದಿನ ಉಳಿದಿರಲಿಲ್ಲ.

ಅಮಾವಾಸ್ಯೆಯ ಹಿಂದಿನ ದಿನ ಸುಮ್ಮನೆ ದೊಡ್ಡಿಯ ಕಡೆ ನಡೆದೆ. ಹೋರಿಗಳು ಮಣ್ಣಿನ ಗೋಡೆ ನೆಕ್ಕುತ್ತಿದ್ದವು. ಒಂದರ ಕುತ್ತಿಗೆಯನ್ನು ಇನ್ನೊಂದು ನೆಕ್ಕುತ್ತಿತ್ತು. ಬದಲಿಗೆ ಮೇಯಿಸಲು ಬಂದವನ ಬೆವರಿನ ಟವೆಲನ್ನು ಒಂದು ಹೋರಿ ಅಗಿದು ಮುದ್ದೆ ಮಾಡಿತ್ತು. ಇದನ್ನು ಓದದ ಪಶುವೈದ್ಯನಿಲ್ಲ: ಉಪ್ಪಿನ ಹಸಿವು. ಮಳೆಗಾಲದ ಎಳೆ ಹುಲ್ಲಿನಲ್ಲಿ ಹೊಟ್ಟೆ ತುಂಬುತ್ತದೆ, ಕಬ್ಬಿನ ಆಸೆಯೂ ಇರುವುದಿಲ್ಲ. ಆದರೆ ಉಪ್ಪು ಸಿಗುವುದಿಲ್ಲ. ಬೊಮ್ಮಯ್ಯ ಪ್ರತಿ ಅಮಾವಾಸ್ಯೆ ಒಂದು ಮೂಟೆ ಕಲ್ಲುಪ್ಪು ಹೊತ್ತು ಬೆಟ್ಟ ಹತ್ತಿ ಬಂಡೆಯ ಮೇಲೆ ಹರಡಿ ಬರುತ್ತಿದ್ದ. ಅವನು ಸೂತಕಕ್ಕೆ ಕೂತ ಮೇಲೆ ಅದು ಯಾರಿಗೂ ನೆನಪಾಗಲಿಲ್ಲ. ಗೂಳಿ ಸತ್ತ ದಿನದಿಂದ ಬೊಮ್ಮಯ್ಯನಿಗೂ ಉಪ್ಪಿಲ್ಲ, ಅವನ ದನಗಳಿಗೂ ಉಪ್ಪಿಲ್ಲ.

ಅಲ್ಲೇ ಕಲ್ಲಿನ ಮೇಲೆ ಕೂತುಬಿಟ್ಟೆ. ಕಬ್ಬಿಗೆ ಉಪ್ಪು ಸವರಿದರೆ ನಾಳೆ ಹೋರಿ ಓಡಿ ಬರುತ್ತದೆ. ಡಾಕ್ಟರನಿಗೆ ಅದು ಒಂದು ನಿಮಿಷದ ಕೆಲಸ. ಆದರೆ ತಾನಾಗಿ ಬರಬೇಕು ಎಂಬುದೊಂದೇ ಆ ದೇವರ ಕಟ್ಟಳೆ. ಉಪ್ಪಿನ ಆಸೆ ತೋರಿಸಿ ತರಿಸಿದರೆ ಅದು ಕರೆದ ಹಾಗೋ ಅಲ್ಲವೋ? ಹೊಟ್ಟೆಯ ಆಸೆಯಿಂದ ಬಂದರೆ ತಾನಾಗಿ ಬಂದ ಹಾಗಲ್ಲವೋ? ಸಿಕ್ಕಿಬಿದ್ದರೆ ವೋಟು ಹೋಗಲಿ, ವ್ಯಾನೂ ಹೋಗುತ್ತದೆ. ದೇವರಿಗೇ ಮೋಸ ಮಾಡಿದವನ ಮೇಜಿಗೆ ಯಾರು ಮೇಕೆ ತರುತ್ತಾರೆ? ಸುಮ್ಮನಿದ್ದರೆ ಬೊಮ್ಮಯ್ಯ ಹೋಗುತ್ತಾನೆ. ಅತ್ತ ದರಿ, ಇತ್ತ ಪುಲಿ. ನಾನು ಅಲ್ಲಿ ಡಾಕ್ಟರನಾಗಿ ಕೂತಿದ್ದೆನೋ, ಅಧ್ಯಕ್ಷನಾಗಿಯೋ, ಆ ದೇವರ ಒಕ್ಕಲಾಗಿಯೋ ಎಂಬುದೇ ತಿಳಿಯದೆ ಮನೆಗೆ ಬಂದೆ.

ಬೆಳಿಗ್ಗೆ ಕಾಗದದಲ್ಲಿ ಒಂದು ಹಿಡಿ ಕಲ್ಲುಪ್ಪು ಕಟ್ಟಿ ಅಂಗಿಯ ಜೇಬಿಗೆ ಹಾಕಿಕೊಂಡೆ. ಸವರುತ್ತೇನೆಂದು ತೀರ್ಮಾನಿಸಿರಲಿಲ್ಲ, ಇಲ್ಲವೆಂದೂ ಇಲ್ಲ. ನಮ್ಮ ಕಡೆ ರಾಜಕೀಯದವರ ಬಿಳಿ ಅಂಗಿಯ ಜೇಬು ತೆಳುವಾಗಿರುತ್ತದೆ, ಒಳಗಿಟ್ಟ ನಾಯಕರ ಪಟ ಹೊರಗೆ ಕಾಣಲಿ ಅಂತ. ನನ್ನ ಜೇಬಿನಲ್ಲಿ ಉಪ್ಪಿನ ಪೊಟ್ಟಣ ಉಬ್ಬಿ ನಿಂತಿತ್ತು.

ದೊಡ್ಡಿಯ ಮುಂದೆ ಜನ ಸೇರಿದ್ದರು. ಅಧ್ಯಕ್ಷನ ಗತ್ತಿನಿಂದ ಎಲ್ಲರ ಫೋನೂ ಒಳಗಿಡಿಸಿದೆ. ಅಷ್ಟು ಮಾತ್ರ ನಾನು ಗೊಂದಲವಿಲ್ಲದೆ ಮಾಡಿದ ಕೆಲಸ. ಇಬ್ಬರು ಬೊಮ್ಮಯ್ಯನ ತೋಳು ಹಿಡಿದು ತಂದು ಹೊರಗೆ ಚಾಪೆಯ ಮೇಲೆ ಕೂರಿಸಿದರು. ಗೋಡೆಗೆ ಕಬ್ಬಿನ ಕಟ್ಟು ಒರಗಿಸಿದ್ದರು. ಹಿಡಿಯುವ ಮುಂಚೆ ಹಿರಿಯರೊಬ್ಬರು ಒಂದು ತುಂಡು ಅಗಿದು ರುಚಿ ನೋಡುವುದು ಪದ್ಧತಿ, ದೇವರಿಗೆ ಸಪ್ಪೆ ಕಬ್ಬು ಕೊಡಬಾರದು ಅಂತ. ಮುತ್ತಣ್ಣನಿಗೆ ಹಲ್ಲಿಲ್ಲ. ಕಬ್ಬನ್ನು ನನ್ನ ಕೈಗೆ ಕೊಟ್ಟು, "ನೀನ್ ತಾನ್ ಡಾಕ್ಟರು, ನೀನೇ ಪಾರ್" ಎಂದರು.

ಕಚ್ಚಿದೆ. ನಾಲಿಗೆಗೆ ಮೊದಲು ತಗುಲಿದ್ದು ಉಪ್ಪು.

ಕೈ ತಾನಾಗಿ ಜೇಬಿಗೆ ಹೋಯಿತು. ಪೊಟ್ಟಣ ಕಟ್ಟಿದ ಹಾಗೇ ಇತ್ತು. ತಲೆಯೆತ್ತಿದೆ. ನೀರಿನ ತೊಟ್ಟಿಯ ಹತ್ತಿರ ಲಿಂಗಮ್ಮ ನಿಧಾನವಾಗಿ ಕೈ ತೊಳೆಯುತ್ತಿದ್ದಳು. ಗಂಡ ಬೆಟ್ಟಕ್ಕೆ ಒಯ್ಯುತ್ತಿದ್ದ ಉಪ್ಪನ್ನು ಪ್ರತಿ ಅಮಾವಾಸ್ಯೆ ಮೂಟೆ ಕಟ್ಟಿ ಕೊಡುತ್ತಿದ್ದವಳು ಅವಳು. ನನ್ನನ್ನು ನೇರವಾಗಿ ನೋಡಿದಳು, ಕಣ್ಣು ತಗ್ಗಿಸಲಿಲ್ಲ.

"ಏನ್ ಡಾಕ್ಟರೇ, ಕರುಂಬು ಸೀ ಅದಾ?" ಮುತ್ತಣ್ಣ ಕೇಳಿದರು. ಎಲ್ಲರೂ ನನ್ನ ಬಾಯಿಯನ್ನೇ ನೋಡುತ್ತಿದ್ದರು.

"ಸೀ ಅದೆ ಅಣ್ಣಾ" ಎಂದೆ. ಉಪ್ಪಿನ ಹಿಂದೆ ಸಿಹಿಯೂ ಇತ್ತು.

ಕಬ್ಬು ಹಿಡಿದರು. ಬೂದು ಬಣ್ಣದ, ಹರಿದ ಕಿವಿಯ ಒಂದು ಸಣ್ಣ ಹೋರಿ ಮೂಗರಳಿಸಿತು. ಒಂದು ಹೆಜ್ಜೆ ಇಟ್ಟು ನಿಂತಿತು. ಆಮೇಲೆ ನೇರ ಬಂದು ಕಬ್ಬನ್ನು ಮೇಲಿನಿಂದ ಕೆಳಗೆ ಒಮ್ಮೆ ನೆಕ್ಕಿ, ಕಟಕ್ಕನೆ ಕಚ್ಚಿತು. ಹೆಂಗಸರು ನಾಲಿಗೆ ಹೊರಳಿಸಿ ಕುಲವೆ ಹಾಕಿದರು, ಬೆಟ್ಟ ಅದನ್ನು ತಿರುಗಿ ಹೇಳಿತು. ಮುತ್ತಣ್ಣ ನನ್ನ ಕಡೆ ತಿರುಗಿ, "ಡಾಕ್ಟರೇ, ಹೋರೀನ ಯಾರೂ ಕೂಗಲಿಲ್ಲೆ ತಾನೆ?" ಎಂದರು.

"ಯಾರೂ ಕೂಗಲಿಲ್ಲೆ."

ಇನ್ನು ಬೊಮ್ಮಯ್ಯನ ನಾಲಿಗೆಗೆ ಉಪ್ಪು ಮುಟ್ಟಿಸಿ ಸೂತಕ ಬಿಡಿಸಬೇಕು. ಮುತ್ತಣ್ಣ ಕೈ ಚಾಚಿದರು. ಉಪ್ಪು ಎಲ್ಲಿ? ಮೂರು ಸಲ ಬಟ್ಟಲು ತಂದು ವಾಪಸ್ಸು ಒಯ್ದ ಜನ ಈ ಸಲ ತರುವುದನ್ನೇ ಮರೆತಿದ್ದರು. "ಉಪ್ಪು, ಉಪ್ಪು" ಎಂದು ಕೂಗಾಟ ಎದ್ದಿತು. ಲಿಂಗಮ್ಮ ತೊಳೆದ ಕೈ ನೋಡಿಕೊಂಡಳು. ಯಾರೋ ಊರ ಕಡೆ ಓಡಿದರು. ಜೇಬಿನಿಂದ ಪೊಟ್ಟಣ ತೆಗೆದು ಬಿಚ್ಚಿದೆ. ಮುತ್ತಣ್ಣ ಅವಸರದಲ್ಲಿ ಏನೂ ಕೇಳದೆ ಒಂದು ಹರಳು ತೆಗೆದು ಬೊಮ್ಮಯ್ಯನ ನಾಲಿಗೆಯ ಮೇಲಿಟ್ಟರು.

ಬೊಮ್ಮಯ್ಯ ಬಾಯಿ ಮುಚ್ಚಿದ. ದವಡೆ ಆಡಿತು. ಕಣ್ಣಲ್ಲಿ ನೀರು ಬಂತು. ಮುತ್ತಣ್ಣನನ್ನು ನೋಡಿದ, ನನ್ನ ಕೈಯಲ್ಲಿದ್ದ ಕಾಗದ ನೋಡಿದ, ಅಂಗಿಯ ಜೇಬು ನೋಡಿದ. ಆಮೇಲೆ, ಎಷ್ಟೋ ದಿನಗಳ ನಂತರ ನನ್ನನ್ನು ನಾನೆಂದೇ ಗುರುತು ಹಿಡಿದು, ಕೇಳಿದ:

"ಡಾಕ್ಟರಯ್ಯಾ, ಜೋಬಾಗೆ ಉಪ್ಪು ಏನುಕ್ಕೆ ತಂದೆ?"

"ಪೇಸಿಬಿಟ್ಟ! ಬೊಮ್ಮಯ್ಯ ಪೇಸಿಬಿಟ್ಟ!" ಎಂದು ಜನ ಅತ್ತರು, ನಕ್ಕರು, ಒಬ್ಬರನ್ನೊಬ್ಬರು ತಬ್ಬಿಕೊಂಡರು. ಲಿಂಗಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಅವನು ಮಾತಾಡಿದ್ದನ್ನು ಎಲ್ಲರೂ ಕೇಳಿಸಿಕೊಂಡರು, ಏನು ಮಾತಾಡಿದನೆಂದು ಯಾರೂ ಕೇಳಿಸಿಕೊಳ್ಳಲಿಲ್ಲ. ಉತ್ತರಕ್ಕೆ ಕಾದವನು ಬೊಮ್ಮಯ್ಯ ಒಬ್ಬನೇ.

ಅಂದೇ ಅವನು ತಾನಾಗಿ ಗಡಿಕಲ್ಲು ದಾಟಿ ತೇಣಿಗೆ ಬಂದ. ಆಸ್ಪತ್ರೆಯಲ್ಲಿ ಉಪ್ಪು ನಿಧಾನವಾಗಿ ಏರಿಸಿದರು, ಯಾಳಿನಿ ದಿನವೂ ಪಕ್ಕದಲ್ಲಿ ಕೂತಳು. ಒಂದು ಹರಳು ಉಪ್ಪಿಗೆ ಅಷ್ಟು ಬೇಗ ತಲೆ ತಿಳಿಯಾಗುವುದು ಸಾಧ್ಯವಿಲ್ಲ ಎಂದು ಅವಳು ಹೇಳುತ್ತಾಳೆ. ಹಾಗಾದರೆ ಅವನನ್ನು ಮಾತಾಡಿಸಿದ್ದು ಯಾವುದು ಎಂದು ಕೇಳಿದೆ. ಮಾತ್ರೆ ನಿಲ್ಲಿಸಿದ್ದು ಇರಬಹುದು, ಸೂತಕ ಮುಗಿದದ್ದು ಇರಬಹುದು, ಗೊತ್ತಿಲ್ಲ ಸರ್, ಎಂದಳು. ಓದಿದವಳು ಅಷ್ಟು ಧೈರ್ಯವಾಗಿ ಗೊತ್ತಿಲ್ಲ ಎಂದದ್ದು ನನಗೆ ಸಮಾಧಾನ ಕೊಟ್ಟಿತು. ಹಳೆಯ ಗೂಳಿಯನ್ನು ಮಣ್ಣು ಮಾಡಿದ ಜಾಗದ ಹತ್ತಿರ ಬೊಮ್ಮಯ್ಯ ಈಗಲೂ ಒಮ್ಮೊಮ್ಮೆ ಕೂತು ಅಳುತ್ತಾನೆ. ಉಪ್ಪು ತಿಂದೇ ಅಳುತ್ತಾನೆ.

ಅವನು ಮತ್ತೆ ಬೆಟ್ಟ ಹತ್ತುತ್ತಿದ್ದಾನೆ. ಅಮಾವಾಸ್ಯೆಯ ಬೆಳಿಗ್ಗೆ ಮೂಟೆ ಹೊತ್ತು ಹೋಗುವವನು ನನ್ನ ಮನೆಯ ಗೇಟಿನ ಮುಂದೆ ನಿಲ್ಲುತ್ತಾನೆ. ಮೂಟೆ ಇಳಿಸಿ, ಒಂದು ಹಿಡಿ ಕಲ್ಲುಪ್ಪು ತೆಗೆದು, "ತಕ್ಕೋ ಡಾಕ್ಟರಯ್ಯಾ, ಯಾವುದಕ್ಕೂ ಇರ್ಲಿ" ಎಂದು ನನ್ನ ಅಂಗಿಯ ಜೇಬಿಗೆ ಸುರಿಯುತ್ತಾನೆ. ಮುಖದಲ್ಲಿ ನಗು ಇರುತ್ತದೆ. ಲಿಂಗಮ್ಮ ಅವನಿಗೆ ಹೇಳಿದ್ದಾಳೋ, ನನ್ನ ಮೇಲೇ ಅನುಮಾನವೋ, ಏನೂ ಗೊತ್ತಿಲ್ಲದ ಬರೀ ಪ್ರೀತಿಯೋ, ಆ ನಗುವಿನಲ್ಲಿ ನನಗೆ ಕಾಣುವುದಿಲ್ಲ. ಕೇಳೋಣವೆಂದು ಬಾಯಿ ತೆರೆಯುವಷ್ಟರಲ್ಲಿ ಅವನು ಮೂಟೆ ಹೆಗಲಿಗೇರಿಸಿ ಬೆಟ್ಟದ ಕಡೆ ತಿರುಗಿರುತ್ತಾನೆ. ನಾನು ಜೇಬು ಹಿಡಿದುಕೊಂಡು ಗೇಟಿನ ಹತ್ತಿರವೇ ನಿಂತಿರುತ್ತೇನೆ.